ಹನ್ನೆರಡು ಆಳು, ಹದಿನೈದು ದಿನ

ಲಗ್ಗೆರೆಯ ಸರ್ಕಾರಿ ಶಾಲೆ, ಎಂಟನೇ ಕ್ಲಾಸು, ಬಿ ಸೆಕ್ಷನ್ನು.
ಬಿಸಿಯೂಟದ ಅನ್ನ ಸಾರು
ಹೊಟ್ಟೆಯಿಂದ ರೆಪ್ಪೆಗೆ ಏರುವ ಹೊತ್ತು.
ಬೋರ್ಡಿನ ಮೇಲೆ ಬರೆದೆ:
ಒಂದು ಗೋಡೆ ಕಟ್ಟಲು ಹನ್ನೆರಡು ಆಳಿಗೆ
ಹದಿನೈದು ದಿನ ಬೇಕು.
ಇಪ್ಪತ್ತು ಆಳಿಗೆ?

ಇಪ್ಪತ್ತೈದು, ಎಂದಳು ಕುಮುದ್ವತಿ, ಕೈ ಎತ್ತುವ ಮೊದಲೇ.
ತಪ್ಪು ಅವಳದಲ್ಲ.
ಪೆನ್ಸಿಲ್ಲು ಹೆಚ್ಚಿದರೆ ದುಡ್ಡೂ ಹೆಚ್ಚು, ಮೈಲಿ ಹೆಚ್ಚಿದರೆ ಪೆಟ್ರೋಲೂ ಹೆಚ್ಚು
ಎಂದು ಒಂದು ವಾರ ಪೂರ್ತಿ
ಜೊತೆಜೊತೆಗೆ ನಡೆಯುವ ಲೆಕ್ಕ ಕಲಿಸಿದವಳು ನಾನೇ.

ಎರಡು ಬಾಣ ಎಳೆದೆ,
ಒಂದು ಮೇಲಕ್ಕೆ, ಒಂದು ಕೆಳಕ್ಕೆ.
ಇದು ವಿಲೋಮ. ಆಳು ಏರಿದರೆ ದಿನ ಇಳಿಯಬೇಕು.
ಹನ್ನೆರಡ್ ಹದಿನೈದ್ಲ ನೂರ ಎಂಬತ್ತು,
ಈ ನೂರ ಎಂಬತ್ತು ಮಾತ್ರ ಕೂತಲ್ಲಿಂದ ಏಳುವುದಿಲ್ಲ.
ಇಪ್ಪತ್ತರಿಂದ ಭಾಗಿಸಿ. ಒಂಬತ್ತು.

ಹಾಗಾದರೆ ನೂರ ಎಂಬತ್ತು ಜನ ಬಂದರೆ
ಒಂದೇ ದಿನವಾ ಮಿಸ್? ಮುಬಶಿರನಿಗೆ ನಿದ್ದೆ ಹಾರಿತ್ತು.
ಹೌದಪ್ಪ.
ಆಮೇಲೆ ನನ್ನ ಹಂಗಿಲ್ಲದೆ ಅವರೇ ಹೊರಟರು:
ದಿನಕ್ಕೆ ಎಂಟು ತಾಸು, ತಾಸಿಗೆ ಅರವತ್ತು ನಿಮಿಷ,
ಎಂಬತ್ತಾರು ಸಾವಿರದ ನಾನೂರು ಜನ ನಿಂತರೆ
ಒಂದೇ ನಿಮಿಷಕ್ಕೆ ಗೋಡೆ!
ನಿಲ್ಲೋದು ಎಲ್ಲೋ ಅಷ್ಟು ಜನ, ಲಗ್ಗೆರೆ ಬ್ರಿಡ್ಜಿನ ತನಕ ಕ್ಯೂನಾ?
ಕ್ಲಾಸಿಗೆ ಕ್ಲಾಸೇ ನಕ್ಕಿತು. ನಾನೂ.

ನಗದಿದ್ದವಳು ಹಣಮಂತಿ, ಕೊನೆಯ ಬೆಂಚು.
ಯಾದಗಿರಿ ಕಡೆಯವಳು, ಜುಲೈನಲ್ಲಿ ಸೇರಿದ್ದು.
ದಿನಾ ಹತ್ತು ನಿಮಿಷ ತಡ, ದಿನಾ ಲಂಗದ ಅಂಚು ಒದ್ದೆ.
ಯಾಕೆಂದು ಕೇಳಿರಲಿಲ್ಲ;
ಹಾಜರಿ ಪುಸ್ತಕದಲ್ಲಿ ಅವಳ ಹೆಸರಿನ ಮುಂದೆ
ಒಂದು ಚುಕ್ಕೆ ಇಡುತ್ತಿದ್ದೆ, ಅಷ್ಟೆ.

"ಒಂಬತ್ತ ದಿನಕ್ಕ ಮುಗಿಯಂಗಿಲ್ರಿ ಟೀಚರ್."
ಯಾಕೆ?
"ನೀರು ಹೊಡಿಬೇಕಲ್ರಿ ಏಳು ದಿನ.
ಹನ್ನೆರಡು ಮಂದಿ ಇರ್ಲಿ, ಲಕ್ಷ ಮಂದಿ ಇರ್ಲಿ,
ಸಿಮಿಟು ಯಾರ ಮಾತೂ ಕೇಳಂಗಿಲ್ರಿ.
ಮುಂಜಾನೆ ನಾನ ಪೈಪು ಹಿಡಿತೀನಿ."

ಪುಸ್ತಕ ತಿರುವಿದೆ. ಎಲ್ಲರೂ ಸಮನಾಗಿ ದುಡಿಯುತ್ತಾರೆಂದು ಭಾವಿಸಿ,
ಎಂದು ಸಣ್ಣ ಅಕ್ಷರದಲ್ಲಿತ್ತು. ನೀರಿನ ಸುದ್ದಿ ಇರಲಿಲ್ಲ.
ನೀನು ಹೇಳೋದು ಸರಿ, ಆದರೆ ಪರೀಕ್ಷೆಗೆ
ಒಂಬತ್ತು ಅಂತಲೇ ಬರಿ, ಎಂದೆ.
ಬರೆದಳು. ಬರೆಯುತ್ತಾ,
ರಬ್ಬರು ಕೇಳುವಷ್ಟು ಮೆಲ್ಲಗೆ ಕೇಳಿದಳು:

"ನಮ್ಮ ಬಿಲ್ಡಿಂಗಿಗೆ ನಿನ್ನಿ ಊರಿಂದ
ಮತ್ತ ಹದಿನಾರು ಮಂದಿ ಬಂದಾರ್ರಿ.
ಹಂಗಂದ್ರ ನಾವು ಲಗೂನ ಹೋಗತೀವೇನ್ರಿ?"

ಬೋರ್ಡಿನ ಮೇಲೆ ನಾನೇ ಎಳೆದ ಎರಡು ಬಾಣ.
ಒಂದು ಮೇಲಕ್ಕೆ.
ಒಂದನ್ನು ಅಳಿಸಲು ಡಸ್ಟರು ಎತ್ತಿಕೊಂಡೆನೋ ಏನೋ,
ಬೆಲ್ಲು ಹೊಡೆಯಿತು.

ಸಂಜೆ ಗೊರಗುಂಟೆಪಾಳ್ಯದ ಸಿಗ್ನಲ್ಲಿನಲ್ಲಿ ಬಸ್ಸು
ನೆಟ್ಟ ಕಂಬದಂತೆ ನಿಂತಿತ್ತು.
ವೇಗ ಸೊನ್ನೆಯಾದರೆ ಸಮಯ ಎಷ್ಟೆಂದು
ಕಂಡಕ್ಟರನಿಗೂ ಗೊತ್ತಿರಲಿಲ್ಲ.
ತೊಡೆಯ ಮೇಲೆ ನೋಟ್‌ಬುಕ್ಕುಗಳು, ಬೆರಳಲ್ಲಿ ಕೆಂಪು ಪೆನ್ನು.
ಅವಳ ಹಾಳೆ ನೆನೆದು ಒಣಗಿ ಹಪ್ಪಳದಂತೆ ಸೊಟ್ಟಗಾಗಿತ್ತು.
ಸೂತ್ರ ಇತ್ತು. ನೂರ ಎಂಬತ್ತಿತ್ತು. ಉತ್ತರ: ೯ ದಿನ.
ಅದರ ಕೆಳಗೆ, ಯಾರೂ ಕೇಳದಿದ್ದರೂ:
ನೀರ ೭ ದಿನ ಬ್ಯಾರೆ.

ಹಂತಕ್ಕೆ ಎರಡು, ಉತ್ತರಕ್ಕೆ ಒಂದು, ಕೊಟ್ಟೆ ಮೂರೂ.
ಆ ಕೊನೆಯ ಸಾಲಿಗೆ ಕೊಡಲು
ನನ್ನ ಬಳಿ ಅಂಕವಿರಲಿಲ್ಲ.
ಅಡಿಗೆರೆ ಎಳೆದೆ, ಎರಡು ಸಲ.

ಹದಿನಾರು ಮಂದಿ ಹೆಚ್ಚು. ಪ್ರತಿ ಸ್ಲಾಬಿಗೂ ಏಳು ದಿನ ನೀರು,
ಅದನ್ನು ಮಾತ್ರ ಯಾವ ಮೇಸ್ತ್ರಿಯೂ ಭಾಗಿಸಲಾರ.
ನೋಟ್‌ಬುಕ್ಕಿನ ಹಿಂದಿನ ಹಾಳೆಯಲ್ಲಿ
ಲೆಕ್ಕ ಹಾಕತೊಡಗಿದೆ, ಬಸ್ಸು ಅಲುಗಿತು.
ಎಷ್ಟು ಮಹಡಿ ಎಂದು
ನಾನು ಕೇಳಿಯೇ ಇರಲಿಲ್ಲ.